ಲೋಟದ ತಳ

ರಾತ್ರಿ ನೆನೆಹಾಕುವಾಗಲೇ ತಪ್ಪಿದೆ.
"ಪಾತ್ರೆ ಸಣ್ಣದಾಯ್ತು," ಅಂದಳು ಪೊನ್ನವ್ವ
ಮಂಚದಿಂದಲೇ, ಸದ್ದು ಕೇಳಿ.
ಬೆಳಗ್ಗೆ ನೋಡಿದರೆ
ನಾಪೋಕ್ಲು ಸಂತೆಯ ಕೆಂಪು ರಾಜ್ಮಾ ಉಬ್ಬಿ
ಮುಚ್ಚಿದ ತಟ್ಟೆಯನ್ನು ತಲೆಯ ಮೇಲೆ ಹೊತ್ತು ನಿಂತಿದೆ.

ಬಲಗೈಗೆ ಪ್ಲಾಸ್ಟರು.
ಕಾಫಿ ಕಣದಲ್ಲಿ ಜಾರಿದ್ದು, ಮಡಿಕೇರಿಯಲ್ಲಿ ಕಟ್ಟಿಸಿದ್ದು,
ಇನ್ನೂ ಇಪ್ಪತ್ತೆರಡು ದಿನ.
ಮೂವತ್ತೊಂದು ವರ್ಷ ಬರೀ ಉಂಡವನು
ಈಗ ಒಲೆಯ ಮುಂದೆ.
ಅವಳು ಸ್ಟೂಲಿನ ಮೇಲೆ ಕೂತು
ಕಣ್ಣಲ್ಲೇ ಸೌಟು ಆಡಿಸುತ್ತಾಳೆ.

ಇದು ಅವಳಣ್ಣ ಮೊಣ್ಣಪ್ಪನ ಅಡುಗೆ.
ಹಡಗಿನ ಕುಶಿನಿಯಲ್ಲಿದ್ದವನು
ಮೆಕ್ಸಿಕೋದ ಯಾವುದೋ ಬಂದರಿನ ಮುದುಕಿಯಿಂದ
ಭಾಷೆಯೇ ಇಲ್ಲದೆ ಕಲಿತು ಬಂದ.
ಅಲ್ಲೂ ಹಂದಿ ನೆಣದಲ್ಲೇ ಹುರಿಯುತ್ತಾರಂತೆ ಅಂದಾಗ
"ಹಾಗಾದರೆ ನೆಂಟರೇ ಬಿಡು," ಎಂದಿದ್ದರು ಮಾವ.

"ಉಪ್ಪು ಈಗಲೇ ಬೇಡ."
ಹಾಕಿಯಾಗಿತ್ತು.
"ಕುಕ್ಕರು ಬೇಡ, ಕುದಿಯಲಿ ತನ್ನ ಪಾಡಿಗೆ."
ಕುದಿಯಿತು. ಪೇಪರು ಓದಿ ಮುಗಿಯಿತು, ಜಾಹೀರಾತೂ.
"ಒಂದು ಕಾಳು ತೆಗೆದು ಊದು,
ಸಿಪ್ಪೆ ಸುರುಳಿ ಬಿಟ್ಟರೆ ಬೆಂದಿದೆ."
ಊದಿದೆ.
ಕಾಳು ಚಮಚದಿಂದ ಹಾರಿ ನಾಯಿಯ ಪಾಲಾಯಿತು.
ನಾಯಿಯನ್ನು ಕೇಳು ಅಂದಳು.

ಬಾಣಲೆಯಲ್ಲಿ ನೆಣ ಕರಗಿ
ಈರುಳ್ಳಿ ಕಂದಿ, ಬೆಳ್ಳುಳ್ಳಿ, ಎರಡು ಗಾಂಧಾರಿ ಮೆಣಸು,
ಆಮೇಲೆ ಕಾಳು, ಅದರದೇ ಕಟ್ಟಿನ ಸಮೇತ.
ಚೊಯ್ಯೆಂದು ಇಡೀ ಮನೆ ಒಂದು ಹೆಜ್ಜೆ ಹಿಂದೆ ಸರಿಯಿತು.
"ಲೋಟದ ತಳದಿಂದ ಒತ್ತು. ಆ ಹಿತ್ತಾಳೆಯದು."

ಎಷ್ಟು ಸಲ ಇದರಲ್ಲಿ ನೀರು ಕುಡಿದಿದ್ದೇನೆ,
ತಳ ನೋಡಿದವನಲ್ಲ.
ಒಂದೇ ಕಡೆಗೆ ಸವೆದಿದೆ,
ಹಳೇ ಚಪ್ಪಲಿಯ ಹಿಮ್ಮಡಿಯ ಹಾಗೆ.
ನೆಟ್ಟಗೆ ಒತ್ತಿದರೆ ಕಾಳು ಜಾರಿ ಅಂಚಿಗೆ ಓಡುತ್ತದೆ.
ಮಣಿಕಟ್ಟು ಸ್ವಲ್ಪ ಓರೆ ಮಾಡಿದೆ,
ಇನ್ನೂ ಸ್ವಲ್ಪ.
ತಳ ಬಾಣಲೆಗೆ ಸರಿಯಾಗಿ ಕೂತಿತು.
ಅವಳು ಏನೂ ಹೇಳಲಿಲ್ಲ.
ನಾನೂ.
ಒತ್ತುತ್ತ ಹೋದೆ, ಕೆಂಪು ಕಂದಾಗುವವರೆಗೆ,
ಬಾಣಲೆಯ ನಡುವೆ ಸೌಟು ಎಳೆದ ದಾರಿ
ಮುಚ್ಚಿಕೊಳ್ಳಲು ಯೋಚಿಸುವವರೆಗೆ.

"ಕಾಚಂಪುಳಿ?"
ಮರೆತಿದ್ದೆ. ಹಾಕಿದೆ. ಒಂದು ಹನಿ ಹೆಚ್ಚೇ ಬಿತ್ತು.
ಎಡಗೈ ಬೆರಳಲ್ಲಿ ನೆಕ್ಕಿ ನೋಡಿ,
"ನಾಳೆ ಇನ್ನೊಮ್ಮೆ ಹುರಿ,
ಆಗ ತಿನ್ನುವ ಹಾಗಾಗುತ್ತದೆ," ಅಂದಳು.

ಅಕ್ಕಿ ಒಟ್ಟಿ ಮಾತ್ರ ಪಕ್ಕದ ಮನೆ ತಂಗಮ್ಮನದು.
ಒಂದೇ ಕೈಯಲ್ಲಿ ಹರಿಯಲು ಬಾರದೆ
ನನ್ನ ಕಡೆ ಚಾಚಿದಳು.
ಒಂದು ತುದಿ ಅವಳು, ಒಂದು ತುದಿ ನಾನು.
ಹರಿಯಿತು, ಸಮನಾಗಿ ಅಲ್ಲ.
ದೊಡ್ಡ ತುಂಡು ಅವಳ ಕೈಯಲ್ಲಿತ್ತು,
ಆಗಲೇ ಬಾಣಲೆಯೊಳಗೆ.