ಮಗುಚಿದ ಕಲ್ಲು

ಬಲದಿಂದ ಎಡಕ್ಕೆ ಕೊರೆಯಬೇಕು, ಅಂದಳು ಅಬಿಗೇಲ್ ಆಷ್ಟಮ್ಕರ್,
ನಾಲ್ಕು ಮಡಿಕೆಯ ಕಾಗದ ಬಿಡಿಸುತ್ತ.
ಗೋರಿಪಾಳ್ಯದಲ್ಲಿ ಮೂವತ್ತು ವರ್ಷ ಉರ್ದು ಕೊರೆದವನು ನಾನು,
ಉಳಿ ಯಾವ ದಿಕ್ಕಿಗಾದರೂ ನಡೆಯುತ್ತದೆ ತಾಯಿ, ಅಂದೆ.

ಅವಳಪ್ಪ ರೈಲ್ವೆ ಗಾರ್ಡು.
ಶುಕ್ರವಾರ ಹೊತ್ತು ಮುಳುಗಿದರೆ ಮನೆಯಲ್ಲಿ ಎರಡು ದೀಪ,
ಆಮೇಲೆ ಒಲೆ ಹಚ್ಚುವಂತಿಲ್ಲ, ದುಡ್ಡು ಮುಟ್ಟುವಂತಿಲ್ಲ.
ಆದರೆ ಗೂಡ್ಸ್ ಗಾಡಿಗೆ ಶನಿವಾರ ಗೊತ್ತೇ?
ಡ್ಯೂಟಿ ಬಿದ್ದ ಶನಿವಾರಗಳನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ
ಸಾಲದ ಹಾಗೆ ಬರೆದಿಟ್ಟಿದ್ದರಂತೆ, ರಿಟೈರಾದ ಮೇಲೆ ತೀರಿಸಲು.
ಬರೆಯುತ್ತಿದ್ದದ್ದು ಭಾನುವಾರ.
ಶನಿವಾರ ಬರೆಯುವುದೂ ಕೆಲಸವೇ.

ಕೊಯಿರಾ ಕಲ್ಲು, ನಾಲ್ಕಡಿ.
ಕಾಗದದ ತಳದಲ್ಲಿ ಐದಕ್ಷರ.
‘ಬದುಕಿನ ಗಂಟಿನೊಳಗೆ ಈ ಜೀವವೂ ಸೇರಿರಲಿ ಅಂತ.’
ಗಂಟು ಗೊತ್ತು ನನಗೆ:
ಅವ್ವನ ಸೆರಗಿನ ತುದಿಯ ಎಂಟಾಣೆ,
ಬಿಚ್ಚಲು ಹಲ್ಲೇ ಬೇಕಾಗುತ್ತಿತ್ತು.

ಮೂರನೆಯ ಸಾಲಲ್ಲಿ ನಾಲ್ಕಕ್ಷರದ ಒಂದು ಹೆಸರು.
ಹೇಗೆ ಓದೋದು ಇದನ್ನ?
‘ಓದೋದಿಲ್ಲ. ಬೇರೆ ಹೆಸರು ಹೇಳಿ ದಾಟಿಬಿಡ್ತೀವಿ.’
ನಮ್ಮಜ್ಜಿ ನೆನಪಾದಳು.
ಗಂಡನ ಹೆಸರು ಕೇಳಿದರೆ ಒಡಪು ಕಟ್ಟುತ್ತಿದ್ದಳು,
ಅವನು ಸತ್ತ ಮೇಲೂ,
ರೇಷನ್ ಕಾರ್ಡಿನವನ ಮುಂದೂ.

ಐದನೆಯ ಸಾಲಿಗಿಳಿದಾಗ
ಕಲ್ಲಿನೊಳಗೆ ಮಲಗಿದ್ದ ಬಿರುಕು ಬಾಯಿ ಬಿಟ್ಟಿತು.
ಹೋಗಲಿ ಬಿಡಿ, ಬೇರೆ ಕಲ್ಲು ತರ್ತೀನಿ,
ಇದನ್ನ ಮಗುಚಿ ಹಾಕಿದರೆ ಮೆಟ್ಟಿಲು,
ಇಲ್ಲವೇ ಬಟ್ಟೆ ಒಗೆಯೋ ಕಲ್ಲು, ಮೋರಿಯ ಚಪ್ಪಡಿ.
ಬೆಚ್ಚಿಬಿದ್ದಳು.
ಆ ಹೆಸರು ಬಿದ್ದ ಮೇಲೆ ಅಳಿಸುವಂತಿಲ್ಲ, ಎಸೆಯುವಂತಿಲ್ಲ.
‘ಹರಿದ ಪುಸ್ತಕಕ್ಕೂ ಮಣ್ಣು ಕೊಡ್ತೀವಿ, ಆಚಾರ್ರೇ.’

ವರ್ಷದ ದಿನ. ಮೈಸೂರು ರೋಡಿನ ಅವರ ಸ್ಮಶಾನ.
ಹೊಸ ಕಲ್ಲು ನಿಂತಿದೆ, ಒಡೆದದ್ದು ನನ್ನ ಟೆಂಪೋದಲ್ಲಿ.
ಪ್ರಾರ್ಥನೆಗೆ ಹತ್ತು ಗಂಡಸರು ಬೇಕಂತೆ.
ಮನುಷ್ಯರನ್ನು ಬೆರಳಿಟ್ಟು ಎಣಿಸಬಾರದು,
ಅದಕ್ಕೆ ಹತ್ತು ಪದದ ಒಂದು ವಾಕ್ಯ ಹೇಳಿ
ಒಬ್ಬೊಬ್ಬರಿಗೆ ಒಂದೊಂದು ಪದ ಹಂಚಿದರು ಕೊಚ್ಚಿಯ ಮುದುಕರು.
ಕೊನೆಯ ಪದ ಯಾರಿಗೂ ಸೇರದೆ
ಬಿಸಿಲಲ್ಲಿ ನಿಂತುಬಿಟ್ಟಿತು.

‘ಅಬಿಗೇಲ್ ಇದ್ದಾಳಲ್ಲ! ನಮ್ಮ ಕಡೆ ಹೆಂಗಸರೂ ಲೆಕ್ಕಕ್ಕೆ,’
ಅಂದ ವೈಟ್‌ಫೀಲ್ಡಿನ ಅಮೆರಿಕದವನು.
‘ನಿಮ್ಮ ಕಡೆ,’ ಅಂದರು ಕೊಚ್ಚಿಯ ಮುದುಕರು, ಅಷ್ಟೇ.
ಕಪ್ಪು ಹ್ಯಾಟಿನ ಹುಡುಗ ತನ್ನ ಬೂಟು ನೋಡಿಕೊಂಡ.
ಹೈಫಾದ ಎಂಜಿನಿಯರಿಗೆ ನಗು:
‘ದೇವರನ್ನೇ ನಂಬದ ನನ್ನನ್ನು ಸೇರಿಸಿಕೊಂಡಿರಿ,
ನಂಬಿದ ಇವಳನ್ನು ಬಿಟ್ಟಿರಿ.’
ಬಾಗ್ದಾದಿ ಮನೆತನದ ಅಣ್ಣ ಹೌದೆಂದ, ತಮ್ಮ ಅಲ್ಲವೆಂದ,
ಮೂರು ಭಾಷೆಯಲ್ಲಿ ಜಗಳ ಕಾವೇರಿತು.
ಯಾರೋ ನನ್ನತ್ತ ನೋಡಿದರು.
ನಾನು ಗುದ್ದಲಿಯತ್ತ ನೋಡಿದೆ.

‘ಒಡೆದ ಕಲ್ಲಿಗೆ ಹತ್ತು ಜನ ಬೇಕಿಲ್ಲ,’ ಅಂದಳು ಅಬಿಗೇಲ್,
‘ಮೊದಲು ಅದನ್ನ ಮುಗಿಸೋಣ.’
ಗುಂಡಿ ತೋಡಿದ್ದಾಗಿತ್ತು. ಕಲ್ಲು ಕಲ್ಲಿನಷ್ಟೇ ಭಾರ.
ಮುದುಕರು ಒಂದು ಮೂಲೆ ಹಿಡಿದರು, ಅವಳು ಎದುರು ಮೂಲೆ,
ಹ್ಯಾಟು ಕೆಳಗೆ ಬಿತ್ತು, ಯಾರೂ ಎತ್ತಲಿಲ್ಲ.
ಹೆಸರು ಮೇಲ್ಮುಖವಾಗಿ ಇಳಿಯಿತು.
ನೋಟ್‌ಬುಕ್ಕನ್ನೂ ಅದರ ಪಕ್ಕ ಇಟ್ಟಳು,
ಎಷ್ಟು ಶನಿವಾರ ಬಾಕಿಯಿತ್ತೋ ಹೇಳಲಿಲ್ಲ.

ಹತ್ತನೆಯವನು ಬಂದನೋ ಇಲ್ಲವೋ,
ನಾಯಂಡಹಳ್ಳಿ ಟ್ರಾಫಿಕ್ಕಿನಲ್ಲಿದ್ದೇನೆ ಅಂತ ಫೋನು ಬಂದಿತ್ತು,
ನನಗೆ ಇನ್ನೊಂದು ಲೋಡು ಇತ್ತು.

ರಾತ್ರಿ ಮನೆ ಬಾಗಿಲಲ್ಲಿ ನಿಂತೆ.
ಮೂವತ್ತು ವರ್ಷದ ಕೆಟ್ಟ ಕಲ್ಲುಗಳು, ಎಲ್ಲ ಬೋರಲು,
ಯಾರ ಯಾರ ಹೆಸರು ಮಣ್ಣಿಗೆ ಮುಖ ಮಾಡಿದೆಯೋ.
ಮೊದಲ ಮೆಟ್ಟಿಲು ತುಳಿಯಲು ಮನಸ್ಸಾಗದೆ
ದಾಟಿ ಎರಡನೆಯದಕ್ಕೆ ಕಾಲಿಟ್ಟೆ.
ಅದೂ ನಾನೇ ಕೊರೆದದ್ದು.