ಸ್ಥಳೀಯ ಹೆಸರು

ಹಾಳೆ ನಂಬರು ಇನ್ನೂರ ಹದಿನಾಲ್ಕು.
ಸಿಕ್ಕ ಜಾಗ: ಅತ್ತಿಗುಂಡಿ, ರಸ್ತೆಯಿಂದ ಮೇಲೆ ಮೂರು ತಿರುವು.
ಕುಲ: ಗುಲಾಬಿ.
ಸ್ಥಳೀಯ ಹೆಸರು ಎಂಬ ಸಾಲಿನ ಮುಂದೆ
ನನ್ನ ಪೆನ್ನು ಊರಿದ ಚುಕ್ಕಿ ಮಾತ್ರ.

ಕಾಲೇಜಿನಲ್ಲಿ ನಾನು ಅಟೆಂಡರು.
ಮೇಡಂ ಕಿತ್ತದ್ದನ್ನು ಹಳೇ ಪೇಪರಿನ ನಡುವೆ ಮಲಗಿಸಿ
ಬೆಲ್ಟು ಬಿಗಿದು ಒಣಗಿಸುವುದು ಕೆಲಸ.
ಹನ್ನೊಂದು ವರ್ಷದಲ್ಲಿ ಒಂದು ಗಿಡವೂ
ನನ್ನನ್ನು ತಡೆದು ನಿಲ್ಲಿಸಿರಲಿಲ್ಲ.
ಇದು ನಿಲ್ಲಿಸಿತು, ತೋಳು ಹಿಡಿದು,
ಸಾಲ ಕೊಟ್ಟವನ ಹಾಗೆ.

ಲಂಟಾನದ ಕೆಳಗೆ ಮೊಣಕಾಲೂರಿ ನೋಡಿದೆವು:
ಎಲೆಯ ಬೆನ್ನು ವಿಭೂತಿ ಬಳಿದಷ್ಟು ಬಿಳಿ,
ಕೊಂಬೆ ಬಾಗಿದ ಕಡೆ ಏಳೇ ಏಳು ಹಣ್ಣು,
ಕೆಂಪು ಮುಗಿದು ಕಪ್ಪು ಇನ್ನೂ ಬಾರದ ಹೊತ್ತು.
ಪೇಟೆಯಲ್ಲಿ ಇದರ ದಾಯಾದಿಗಳು
ಬಕೆಟ್ಟಿನ ನೀರಲ್ಲಿ ಕತ್ತೆತ್ತಿ ನಿಂತು
ಕಟ್ಟಿಗಿಷ್ಟು ಎಂದು ಬಿಕರಿಯಾಗುತ್ತವೆ.
ಇದಕ್ಕೆ ಯಾವ ಮದುವೆಯ ಕರೆಯೋಲೆಯೂ ಬಂದಿಲ್ಲ.

ತಿರುವಿನಲ್ಲಿ ಜೋಳ ಸುಡುವ ಖೈರುನ್ನಿಸಾ
ಕೆಂಡದ ಬೂದಿ ಊದುತ್ತ ನಕ್ಕಳು:
"ಸ್ಕೂಲಿಗೆ ಹೋಗೋವಾಗ ತಿಂತಿದ್ವಿ ಸಾರ್.
ನಾಲಿಗೆ ಚಾಚಿ ಯಾರದ್ದು ಜಾಸ್ತಿ ನೇರಳೆ ಅಂತ ಜಗಳ.
ಹೆಸರು ಎಲ್ಲಿಂದ ತರ್ಲಿ?
ಬಾಯ್ತುಂಬ ಇರೋದನ್ನ
ಯಾರಾದ್ರೂ ಹೆಸರು ಹಿಡಿದು ಕರೀತಾರಾ?"

ಆಮೇಲೆ, ಜೀಪಿನತ್ತ ನಡೆದ ಮೇಡಂಗೆ ಕೇಳಿಸದ ಹಾಗೆ,
"ಎಷ್ಟು ಕಿತ್ತ್ರಿ?"

ಮೂರು, ಅಂದೆ.
ಪೇಪರಿನೊಳಗೆ ಮಲಗಿದ್ದು ಮೂರೇ, ನಿಜ.
ನಾಲ್ಕನೆಯದು, ಮೇಡಂ ಲೆನ್ಸು ಒರೆಸುವಾಗ,
ಬೆರಳಿಗೆ ತಾನೇ ಕಳಚಿಕೊಂಡು ಬಂದಿತ್ತು;
ತೊಟ್ಟಿನಲ್ಲಿ ಒಂದು ಬಿಳಿಯ ಗೂಟ ಉಳಿದಿತ್ತು
ಟೋಪಿ ತೆಗೆದ ತಲೆಯಂತೆ, ತಣ್ಣಗೆ.
ಹುಳಿ. ಆಮೇಲೆ ಸಿಹಿ.
ಆಮೇಲೆ ಯಾರ ಮನೆಯದೋ ಏನನ್ನೋ
ಕೇಳದೆ ಎತ್ತಿಕೊಂಡ ರುಚಿ.

"ಮೂರಾ?" ಎಂದಳು ಖೈರುನ್ನಿಸಾ,
ಜೋಳ ಮಗುಚಿ, ನಿಂಬೆಹೋಳಿಗೆ ಉಪ್ಪು ಖಾರ ಅದ್ದಿ.
"ಎಲ್ಲಿ, ನಾಲಿಗೆ ತೋರ್ಸಿ."

ನಲವತ್ತಾರು ವರ್ಷದ ಗಂಡಸು,
ಎದೆಯ ಮೇಲೆ ಕಾಲೇಜಿನ ಗುರುತಿನ ಚೀಟಿ ತೂಗಾಡುತ್ತ
ರಸ್ತೆ ಬದಿ ನಿಂತು
ತೋರಿಸಿದೆ.

ಏನಂತೆ ಹೆಸರು, ಎಂದರು ಮೇಡಂ ಜೀಪಿನಲ್ಲಿ.
ಗೊತ್ತಿಲ್ಲವಂತೆ, ಎಂದೆ,
ತುಟಿ ಆದಷ್ಟು ಮುಚ್ಚಿಕೊಂಡೇ.
ಕೈಮರ ದಾಟುವವರೆಗೂ
ಹಲ್ಲಿನ ಸಂದಿಯ ಒಂದು ಬೀಜವನ್ನು
ನಾಲಿಗೆ ಮುಟ್ಟಿ ಮುಟ್ಟಿ ನೋಡುತ್ತಿತ್ತು.