ಮರದ ಹೊಟ್ಟಿನ ಬಲ್ಗೇರಿಯಾ

ಕಾಳಾಚಾರಿಯ ಗರಗಸದಿಂದ ಎರಡು ಚೀಲ ಹೊಟ್ಟು,
ಬಳೆಪೇಟೆಯ ಸುತಳಿ, ಮೈದಾ ಅಂಟು, ಚಿಟಿಕೆ ಬೇವಿನಪುಡಿ
(ಇಲ್ಲದಿದ್ದರೆ ಜಿರಲೆಗಳು ಪರ್ವತ ತಿಂದುಬಿಡುತ್ತವೆ).
ಚಾಮರಾಜಪೇಟೆ, ಮೂರನೇ ಮೇನು, ಮಹಡಿ ಕೋಣೆ:
ಬೆರಳಲ್ಲಿ ಓದುವ ಮಕ್ಕಳಿಗೆ ನಾನು ದೇಶ ಮಾಡಿಕೊಡುತ್ತೇನೆ.
ಸಮುದ್ರಕ್ಕೆ ಸ್ಯಾಟಿನ್ ಚೂರು, ನದಿಗೆ ಮೇಣದ ದಾರ,
ಗಡಿಗೆ ಸಾಸಿವೆ, ಒಂದೊಂದೇ, ಚಿಮಟದಲ್ಲಿ ಹಿಡಿದು.

ಈ ವಾರ ಬಲ್ಗೇರಿಯಾ.
ನೋಡಿಲ್ಲ. ನೋಡುವುದೂ ಇಲ್ಲ.
ಉದ್ದಕ್ಕೆ ಮಲಗಿದ್ದು ಸ್ತಾರಾ ಪ್ಲಾನಿನಾ;
ಅವರ ಮಾತಿನಲ್ಲಿ 'ಹಳೇ ಬೆಟ್ಟ' ಅಂತಷ್ಟೇ ಅರ್ಥವಂತೆ,
ನಮ್ಮ ಮೈಸೂರು ರಸ್ತೆಯ ಹಳೇ ಗುಡ್ಡದಹಳ್ಳಿಯ ಹಾಗೆ.
ಇಲ್ಲಿ ಹಳೇದು ಉಳಿದಿದೆ, ಹಳ್ಳಿ ಹೋಗಿದೆ,
ಗುಡ್ಡವನ್ನು ಯಾರು ಹೊತ್ತೊಯ್ದರೋ.

ಕೆಳಗೆ ರೊಡೋಪಿ, ಅವಸರವಿಲ್ಲದ ಬೆಟ್ಟಗಳು,
ಹೊಟ್ಟು ತಾನಾಗಿ ಕೂತುಕೊಂಡಿತು.
ಪಿರಿನ್ ಸತಾಯಿಸಿತು.
ಅದಕ್ಕೆ ಒಡೆದ ಬಳೆಚೂರೇ ಸರಿ, ಆದರೆ ಮಕ್ಕಳ ಕೈ;
ಹುಣಸೆಬೀಜ ಸೀಳಿ ನೆಟ್ಟೆ.
ರಿಲಾದಲ್ಲಿ ಮುಸಾಲಾ, ಎಲ್ಲಕ್ಕಿಂತ ಎತ್ತರ,
ಎರಡು ಸಾವಿರದ ಒಂಬೈನೂರ ಇಪ್ಪತ್ತೈದು ಮೀಟರು:
ಮೂರು ಪದರ ಹೊಟ್ಟು, ತುದಿಗೊಂದು ಕಲ್ಲುಸಕ್ಕರೆ,
ಹಿಮ ಅಂದುಕೊಳ್ಳಲಿ ಅಂತ.

ಶನಿವಾರ ಸಹಾಯಮೇರಿ ಬಂದಳು, ಹನ್ನೊಂದು ವರ್ಷ.
ದೂರದ ಬೆಟ್ಟ ನುಣ್ಣಗೆ ಅನ್ನುತ್ತಾರೆ;
ಅವಳ ಬೆರಳಿಗೆ ದೂರ ಅನ್ನುವುದೇ ಇಲ್ಲ.
ಡಾನ್ಯೂಬಿನ ದಾರ ಬಿಟ್ಟು, ಹಳೇ ಬೆಟ್ಟ ದಾಟಿ,
ಸೋಫಿಯಾದ ಗುಂಡುಸೂಜಿಯ ಮೇಲೆ ಉಸ್ಸಪ್ಪಾ ಅಂತ ನಿಂತು,
ಮುಸಾಲಾ ಹತ್ತಿದಳು.
ಹತ್ತಿದವಳೇ ಹಿಮ ಕಿತ್ತು ಬಾಯಿಗೆ ಹಾಕಿಕೊಂಡಳು.
"ನಾವೆಷ್ಟು ಎತ್ತರದಲ್ಲಿದೀವಿ, ಸಾರ್?"

ನಾವಾ?
ರೈಲ್ವೆ ಸ್ಟೇಷನ್ನಿನ ಹಳದಿ ಬೋರ್ಡು ನೆನಪಾಯಿತು,
ಸಮುದ್ರಮಟ್ಟದಿಂದ ಒಂಬೈನೂರರ ಹತ್ತಿರ.
ಅಂದರೆ ಮುಸಾಲಾದ ಮೂರನೇ ಒಂದು ಪಾಲು
ನಾವು ಹತ್ತದೆಯೇ ಹತ್ತಿಯಾಗಿದೆ.
ಐವತ್ತೆಂಟು ವರ್ಷ ಈ ಊರನ್ನು ಚಪ್ಪಟೆ ಅಂದುಕೊಂಡಿದ್ದೆ.
ಮಾರ್ಕೆಟ್ಟಿನ ಬಾಳೆಹಣ್ಣಿನ ಗಾಡಿ,
ಸಿಗ್ನಲ್ಲಿನಲ್ಲಿ ಒಂದು ಕಾಲು ಹೊರಗಿಟ್ಟ ಆಟೋದವನು,
ಮುಚ್ಚಳ ಕುಣಿಸುವ ನಮ್ಮನೆ ಅನ್ನದ ಪಾತ್ರೆ,
ಎಲ್ಲ ಅಷ್ಟೆತ್ತರದಲ್ಲಿ,
ಯಾರಿಗೂ ಏದುಸಿರಿಲ್ಲ.

ಹೇಳಿದೆ.
ಸ್ವಲ್ಪ ಹೊತ್ತು ಸಕ್ಕರೆ ಚೀಪಿದಳು.
"ಹಾಗಿದ್ರೆ ಬೆಂಗ್ಳೂರೂ ಮಾಡಿ.
ನಮ್ಮ ಕಾಲಿನ ಕೆಳಗೂ ತುಂಬಿಸಿ."

ಕಾಳಾಚಾರಿಗೆ ಫೋನು ಮಾಡಿದ್ದೇನೆ.
ಎಷ್ಟು ಚೀಲ ಅಂತ ಕೇಳುತ್ತಿದ್ದಾನೆ.